ಹವಳ ಕಲ್ಲಾ, ಗಿಡವಾ?

ಪ್ರಶ್ನೆ: ಲಕ್ಷದ್ವೀಪಕ್ಕೆ ಹೋಗಿದ್ದೆವು. ನೀರಿನಡಿ ಹವಳದ ತೋಟವೇ ಇತ್ತು. ಹವಳ ಕಲ್ಲಾ, ಗಿಡವಾ? ಉಂಗುರಕ್ಕೆ ಹಾಕುವ ಹವಳ ಅಲ್ಲಿಂದಲೇ ಬರುತ್ತಾ?
— ದಾವಣಗೆರೆಯ ಓದುಗರು

ಉತ್ತರ: ರಜೆ ಮುಗಿದ ಮೇಲೆ ಈ ಪ್ರಶ್ನೆ ಬಂದೇ ಬರುತ್ತದೆ. ಎಷ್ಟು ಸಲ ಬರೆದಿದ್ದೇನೋ ಲೆಕ್ಕವಿಲ್ಲ. ಮತ್ತೆ ಹೇಳುತ್ತೇನೆ: ಹವಳ ಪ್ರಾಣಿ. ಜೆಲ್ಲಿ ಮೀನಿನ ದಾಯಾದಿ.

ಆದರೂ "ಕಲ್ಲು" ಅನ್ನುವ ಮಾತು ಹೋಗುವುದೇ ಇಲ್ಲ. ಯಾಕೆ ಅಂತ ನನಗೂ ಗೊತ್ತು. ಚಿತ್ರದುರ್ಗ, ದಾವಣಗೆರೆಯವರು ಹವಳವನ್ನು ಮೊದಲು ನೋಡುವುದು ಸಮುದ್ರದಲ್ಲಲ್ಲ, ಬಂಗಾರದ ಅಂಗಡಿಯಲ್ಲಿ. ಕುಜನಿಗೆ ಅಂತ ಉಂಗುರ ಮಾಡಿಸುತ್ತಾರೆ. ನವರತ್ನದಲ್ಲಿ ವಜ್ರ, ನೀಲದ ಜೊತೆ ಅದನ್ನೂ ಎಣಿಸುತ್ತೇವೆ. ಆದರೆ ಆ ಒಂಬತ್ತರಲ್ಲಿ ಎರಡು ನೆಲದಿಂದ ಬಂದದ್ದಲ್ಲ. ಮುತ್ತು ಮತ್ತು ಹವಳ, ಎರಡನ್ನೂ ಮಾಡಿದ್ದು ಪ್ರಾಣಿಗಳು. ಬಸವನಹುಳುವಿನ ಚಿಪ್ಪು ಗಟ್ಟಿ ಇದೆ ಅಂತ ಬಸವನಹುಳುವನ್ನೇ ಕಲ್ಲು ಅನ್ನುತ್ತೇವಾ? ಇಲ್ಲ ಅಲ್ವಾ? ಇಲ್ಲೂ ಅಷ್ಟೇ.

ನಮ್ಮ ಶಾಲೆಯ ಬೀರುವಿನಲ್ಲಿ ಹಳೆಯ ಹವಳದ ತುಂಡೊಂದಿದೆ. ಮಕ್ಕಳ ಕೈಗೆ ಅದನ್ನೂ ಒಂದು ಭೂತಗನ್ನಡಿಯನ್ನೂ ಕೊಟ್ಟು ಸುಮ್ಮನೆ ನಿಲ್ಲುತ್ತೇನೆ. ಮೈತುಂಬಾ ಸಣ್ಣ ಸಣ್ಣ ಗುಳಿ. ಪ್ರತಿ ಗುಳಿಯೊಳಗೆ ಅಂಚಿನಿಂದ ನಡುವಿನ ಕಡೆಗೆ ತೆಳು ಗೋಡೆಗಳು, ನಿಂಬೆಹಣ್ಣನ್ನು ಅಡ್ಡ ಕೊಯ್ದಾಗ ಕಾಣುತ್ತದಲ್ಲ, ಹಾಗೆ. ಒಂದೊಂದು ಗುಳಿಯೂ ಒಂದು ಜೀವದ ಮನೆ. ಆ ಜೀವದ ಹೆಸರು ಪಾಲಿಪ್. ಮೆತ್ತನೆ ಮೈ, ಒಂದೇ ಬಾಯಿ, ಸುತ್ತ ಕುಟುಕುವ ಎಳೆಗಳು. ಹೆಚ್ಚಿನವು ರಾತ್ರಿ ಎಳೆ ಚಾಚಿ ಸಣ್ಣ ಜೀವಿಗಳನ್ನು ಹಿಡಿದು ತಿನ್ನುತ್ತವೆ. ಕೆಳಗೆ ಗೂಡು ಕಟ್ಟುತ್ತಾ ಮೇಲೇರುತ್ತವೆ. ಆ ಗೂಡು ಕ್ಯಾಲ್ಸಿಯಂ ಕಾರ್ಬೊನೇಟ್, ಅಂದರೆ ಸುಣ್ಣದ ಕಲ್ಲಿನ ವಸ್ತುವೇ. ನೀವು ಕಲ್ಲು ಅಂದುಕೊಂಡದ್ದು ಅದರ ಮನೆ.

ಗಿಡ ಅಂದುಕೊಂಡವರ ಮೇಲೆ ನನಗೆ ಬೇಸರವಿಲ್ಲ. ದೊಡ್ಡ ದೊಡ್ಡ ವಿದ್ವಾಂಸರೂ ಹಾಗೇ ಅಂದುಕೊಂಡಿದ್ದರು. 1706ರಲ್ಲಿ ಇಟಲಿಯ ಮಾರ್ಸಿಲಿ ಹವಳದ ಕೊಂಬೆಯನ್ನು ಸಮುದ್ರದ ನೀರಲ್ಲಿಟ್ಟು ನೋಡಿದರು. ಬಿಳಿ ಹೂ ಅರಳಿತು ಅಂತ ಬರೆದರು. ಆ ಹೂಗಳೇ ಪ್ರಾಣಿ ಅಂತ 1720ರ ದಶಕದಲ್ಲಿ ಕಂಡುಕೊಂಡವರು ಫ್ರಾನ್ಸಿನ ವೈದ್ಯ ಪೆಯ್ಸೊನೆಲ್. ಪ್ಯಾರಿಸ್‌ನ ಪಂಡಿತರು ಆಗ ಒಪ್ಪಲಿಲ್ಲ.

ಇನ್ನು ಗಿಡದ ಅಂಶ ಒಂದು ಇದೆ ನಿಜ. ದಿಬ್ಬ ಕಟ್ಟುವ ಹವಳದ ಮೈಯೊಳಗೆ ಕಣ್ಣಿಗೆ ಕಾಣದಷ್ಟು ಸಣ್ಣ ಪಾಚಿ ವಾಸ ಮಾಡುತ್ತದೆ. ಬಿಸಿಲಿನಿಂದ ಅಡುಗೆ ಮಾಡಿ ಜಾಸ್ತಿ ಪಾಲು ಹವಳಕ್ಕೇ ಕೊಡುತ್ತದೆ. ನೀರು ಹೆಚ್ಚು ದಿನ ಬಿಸಿಯಾದರೆ ಹವಳ ಆ ಪಾಚಿಯನ್ನು ಹೊರಹಾಕಿ ಬೆಳ್ಳಗಾಗುತ್ತದೆ. ಬೆಳ್ಳಗಾದ ಹವಳ ಸತ್ತಿಲ್ಲ, ಉಪವಾಸ ಇದೆ. ನೀರು ಬೇಗ ತಣಿದರೆ ಬದುಕೀತು. ಲಕ್ಷದ್ವೀಪದಲ್ಲಿ 1998, 2010, 2016ರಲ್ಲಿ ಹೀಗಾಯಿತು, ತುಂಬಾ ಹವಳ ಸತ್ತಿತು. ಅದನ್ನು ನೆನೆದರೆ ಸಂಕಟವಾಗುತ್ತದೆ. ಆ ದ್ವೀಪಗಳು ನಿಂತಿರುವುದೇ ಹವಳದ ಮೇಲೆ.

ಉಂಗುರದ ಕೆಂಪು ಹವಳ ಬೇರೆ ಜಾತಿ. ಹೆಸರಾದದ್ದು ಮೆಡಿಟರೇನಿಯನ್ ಸಮುದ್ರದ್ದು. ಅದು ದಿಬ್ಬ ಕಟ್ಟುವುದಿಲ್ಲ, ಅದರೊಳಗೆ ಪಾಚಿಯೂ ಇಲ್ಲ. ದಪ್ಪವಾಗುವುದು ವರ್ಷಕ್ಕೆ ಒಂದು ಮಿಲಿಮೀಟರ್‌ಗಿಂತ ಕಡಿಮೆ. ನಿಮ್ಮ ಬೆರಳಿನ ಮೇಲಿರುವುದು ಎಷ್ಟೋ ವರ್ಷದ ಬೆಳೆ.

ಯಾರೂ ಕೇಳಲಿಲ್ಲ, ಆದರೂ ಹೇಳದೆ ಇರಲಾರೆ. ನಮ್ಮ ಸೀಮೆಯಲ್ಲೂ ಒಂದು ಕಾಲಕ್ಕೆ ಸಮುದ್ರ ಇತ್ತು. ಚಿತ್ರದುರ್ಗದ ಹಳೆಯ ಸುಣ್ಣದ ಕಲ್ಲಿನಲ್ಲಿ ಸ್ಟ್ರೊಮಟೊಲೈಟ್ ಎಂಬ ಪದರ ಪದರದ ಗುರುತುಗಳಿವೆ. ಅವನ್ನು ಕಟ್ಟಿದ್ದು ಹವಳವಲ್ಲ, ಸೂಕ್ಷ್ಮಜೀವಿಗಳು. ವಯಸ್ಸು 250 ಕೋಟಿ ವರ್ಷಕ್ಕೂ ಜಾಸ್ತಿ. ಆಗ ಹವಳ ಇನ್ನೂ ಹುಟ್ಟೇ ಇರಲಿಲ್ಲ. ಮರಡಿಹಳ್ಳಿಯಲ್ಲಿ ನೀರೊಳಗೆ ಉಕ್ಕಿದ ಲಾವಾ ದಿಂಬುಗಳನ್ನು ಒಟ್ಟಿದ ಹಾಗೆ ಹೆಪ್ಪುಗಟ್ಟಿದೆ. ಅದು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕ. ಹೋಗುವುದಾದರೆ ಬೆಳಗ್ಗೆಯೇ ಹೋಗಿ. ಓರೆ ಬಿಸಿಲಲ್ಲಿ ದಿಂಬುಗಳ ಅಂಚು ಒಂದೊಂದೂ ಎದ್ದು ಕಾಣುತ್ತದೆ.