37 ದಿನದಲ್ಲಿ ತಪ್ಪಿದ ಪಿಂಚಣಿ: ಪಿಚರ್ ಡೇವಿಡ್ ಕ್ಲೈಡ್ ಕಥೆ

ಅಮೆರಿಕದ ಬೇಸ್‌ಬಾಲ್‌ನ ಅತ್ಯುನ್ನತ ಹಂತವಾದ ಮೇಜರ್ ಲೀಗ್‌ನಲ್ಲಿ 1947ರಿಂದ 1979ರವರೆಗಿನ ಅವಧಿಯಲ್ಲಿ ಆಡಿದ ನೂರಾರು ಮಂದಿಗೆ ಪೂರ್ತಿ ಪಿಂಚಣಿ ಇಲ್ಲ. ಈ ಮಾತು ಬಂದಾಗಲೆಲ್ಲ ಪಿಚರ್, ಅಂದರೆ ಬ್ಯಾಟರ್‌ಗೆ ಚೆಂಡು ಎಸೆಯುವ ಆಟಗಾರ, ಡೇವಿಡ್ ಕ್ಲೈಡ್ ಹೆಸರು ಕೇಳಿಬರುತ್ತದೆ. ಇನ್ನು 37 ದಿನ ತಂಡದ ಪಟ್ಟಿಯಲ್ಲಿ ಇದ್ದಿದ್ದರೆ ಅವರಿಗೆ ಪಿಂಚಣಿ ಸಿಗುತ್ತಿತ್ತು.

1972ರಲ್ಲಿ ವಾಷಿಂಗ್ಟನ್‌ನಿಂದ ಟೆಕ್ಸಸ್‌ಗೆ ಬಂದ ರೇಂಜರ್ಸ್ ತಂಡ ಆ ವರ್ಷವೇ 100 ಪಂದ್ಯ ಸೋತಿತ್ತು. ನೋಡಲು ಜನ ಬರುತ್ತಿರಲಿಲ್ಲ, ಮಾಲೀಕ ಬಾಬ್ ಶಾರ್ಟ್‌ಗೆ ದುಡ್ಡಿನ ಅಡಚಣೆ. ಹೊಸ ಆಟಗಾರರನ್ನು ಆರಿಸುವ ಡ್ರಾಫ್ಟ್‌ನಲ್ಲಿ ಸೋತ ತಂಡಗಳಿಗೆ ಮೊದಲ ಸರದಿ. 1973ರ ಜೂನ್‌ನಲ್ಲಿ ರೇಂಜರ್ಸ್ ಎಲ್ಲರಿಗಿಂತ ಮೊದಲು ಆರಿಸಿಕೊಂಡದ್ದು ಹೂಸ್ಟನ್‌ನ ವೆಸ್ಟ್‌ಚೆಸ್ಟರ್ ಹೈಸ್ಕೂಲಿನ ಎಡಗೈ ಪಿಚರ್ ಕ್ಲೈಡ್ ಅವರನ್ನು. ವಯಸ್ಸು 18. ಶಾಲೆಯ ಕೊನೆಯ ವರ್ಷ 18 ಗೆಲುವು, ಒಂದೂ ಸೋಲಿಲ್ಲ. ಸಹಿ ಹಾಕಿದ್ದಕ್ಕೆ 1,25,000 ಡಾಲರ್ ಬೋನಸ್.

ಶಾಲೆಯಿಂದ ಬಂದ ಪಿಚರ್ ಸಾಮಾನ್ಯವಾಗಿ ಕೆಲವು ವರ್ಷ ಕೆಳಹಂತದ ಮೈನರ್ ಲೀಗ್‌ನಲ್ಲಿ ಪಳಗುತ್ತಾನೆ. ಕ್ಲೈಡ್ ವಿಷಯದಲ್ಲಿ ಆದ ಮಾತು ಬೇರೆ: ಮೊದಲು ಮೇಜರ್ ಲೀಗ್‌ನಲ್ಲಿ ಎರಡು ಪಂದ್ಯ, ಆಮೇಲೆ ಮೈನರ್ ಲೀಗ್.

ಜೂನ್ 27ರ ರಾತ್ರಿ, ಎದುರಾಳಿ ಮಿನ್ನೆಸೋಟಾ ಟ್ವಿನ್ಸ್. ಆರ್ಲಿಂಗ್ಟನ್ ಸ್ಟೇಡಿಯಂನ ಟಿಕೆಟ್‌ಗಳೆಲ್ಲ ಮೊಟ್ಟಮೊದಲ ಬಾರಿಗೆ ಖಾಲಿಯಾಗಿದ್ದವು. ಬಂದವರು 35,698 ಮಂದಿ. ರಸ್ತೆಯಲ್ಲಿ ವಾಹನಗಳು ಸಿಕ್ಕಿಕೊಂಡು ಆಟ ಶುರುವಾಗುವುದೇ ತಡವಾಯಿತು. ಪಿಚರ್ ನಾಲ್ಕು ಎಸೆತಗಳಲ್ಲಿ ಗುರಿ ತಪ್ಪಿದರೆ ಬ್ಯಾಟರ್ ಹೊಡೆಯದೆಯೇ ಮೊದಲ ಬೇಸ್‌ಗೆ ನಡೆದು ಹೋಗಬಹುದು. ಕ್ಲೈಡ್ ಎದುರಿಸಿದ ಮೊದಲ ಇಬ್ಬರೂ ಹಾಗೇ ನಡೆದು ಹೋದರು, ಎರಡನೆಯವರು ಖ್ಯಾತ ಬ್ಯಾಟರ್ ರಾಡ್ ಕರೂ. ಶಾಲೆಯ ಮೈದಾನದಿಂದ ನೇರವಾಗಿ ಬಂದು ಆ ಜನಸಾಗರದ ನಡುವೆ ನಿಂತಿದ್ದ ಹುಡುಗ ಅಲ್ಲಿಗೇ ಕುಸಿಯಬಹುದಿತ್ತು. ಕುಸಿಯಲಿಲ್ಲ. ಮುಂದಿನ ಮೂವರನ್ನೂ ಸ್ಟ್ರೈಕ್‌ಔಟ್ ಮಾಡಿದರು, ಅಂದರೆ ಚೆಂಡನ್ನು ಮೈದಾನಕ್ಕೆ ಹೊಡೆಯಲು ಬಿಡದೆ ಎಸೆತಗಳಿಂದಲೇ ಔಟ್ ಮಾಡಿದರು. ಐದು ಇನಿಂಗ್ಸ್‌ನಲ್ಲಿ ಎಂಟು ಸ್ಟ್ರೈಕ್‌ಔಟ್, ಹೊಡೆದು ಬೇಸ್ ತಲುಪುವ ಹಿಟ್ ಬಿಟ್ಟುಕೊಟ್ಟದ್ದು ಒಂದೇ. ರೇಂಜರ್ಸ್ 4-3ರಿಂದ ಗೆದ್ದಿತು.

ಆ ಗೆಲುವೇ ಕ್ಲೈಡ್‌ಗೆ ಮುಳುವಾಯಿತು. ಅವರ ಹೆಸರಿಗೆ ಟಿಕೆಟ್ ಮಾರಾಟವಾಗುತ್ತದೆ ಎಂದು ಗೊತ್ತಾದ ಮೇಲೆ ಶಾರ್ಟ್ ಅವರನ್ನು ಕೆಳಗೆ ಕಳಿಸಲೇ ಇಲ್ಲ. ತಂಡವನ್ನು ಆಡಿಸುವ ಮ್ಯಾನೇಜರ್ ವೈಟಿ ಹರ್ಜಾಗ್ ಅವರಿಗೆ ಇದು ಸರಿಕಾಣಲಿಲ್ಲ, ಆದರೆ ಮಾಲೀಕರ ಮಾತೇ ನಡೆಯಿತು. ಸೆಪ್ಟೆಂಬರ್‌ನಲ್ಲಿ ಹರ್ಜಾಗ್ ಅವರನ್ನೇ ತೆಗೆದು ಬಿಲ್ಲಿ ಮಾರ್ಟಿನ್ ಅವರನ್ನು ತಂದರು. ಆ ವರ್ಷ ಕ್ಲೈಡ್ ಗೆದ್ದದ್ದು ನಾಲ್ಕು, ಸೋತದ್ದು ಎಂಟು. ಮರುವರ್ಷ ಮೂರು ಮತ್ತು ಒಂಬತ್ತು. ಅಷ್ಟರಲ್ಲಿ ಶಾರ್ಟ್ ತಂಡವನ್ನೇ ಮಾರಿದ್ದರು.

ಅದೇ ಡ್ರಾಫ್ಟ್‌ನಲ್ಲಿ ಮೂರನೆಯವರಾಗಿ ಆಯ್ಕೆಯಾದ ರಾಬಿನ್ ಯೌಂಟ್ ಕೂಡ 18ರಲ್ಲೇ ಮೇಜರ್ ಲೀಗ್ ಆಡಿ ಶ್ರೇಷ್ಠ ಆಟಗಾರರ ಗೌರವಪಟ್ಟಿಯಾದ ಹಾಲ್ ಆಫ್ ಫೇಮ್ ಸೇರಿದರಲ್ಲ ಎಂದು ಕೇಳಬಹುದು. ಯೌಂಟ್ ಪಿಚರ್ ಅಲ್ಲ, ಬ್ಯಾಟರ್. ಜೊತೆಗೆ ಮೊದಲ ಬೇಸಿಗೆಯನ್ನು ಮೈನರ್ ಲೀಗ್‌ನಲ್ಲೇ ಕಳೆದಿದ್ದರು. ಪಿಚರ್ ಪ್ರತಿ ಎಸೆತಕ್ಕೂ ಭುಜವನ್ನೇ ಪಣಕ್ಕಿಡುತ್ತಾನೆ. ಕ್ಲೈಡ್‌ಗೆ ಪ್ರತಿಭೆ ಸಾಲದೆ ಹೋಯಿತು ಎಂಬ ಮಾತನ್ನು ನಾನಂತೂ ಒಪ್ಪುವುದಿಲ್ಲ. ಕಲಿಯಬೇಕಾದ ವಯಸ್ಸಿನಲ್ಲಿ ಅವರನ್ನು ಟಿಕೆಟ್ ಮಾರಲು ನಿಲ್ಲಿಸಿದರು.

1975ರಲ್ಲಿ ಒಂದು ಪಂದ್ಯದ ನಂತರ ಅವರು ಮೈನರ್ ಲೀಗ್‌ಗೆ ಹೋದರು. 1976ರಲ್ಲಿ ಭುಜದ ಶಸ್ತ್ರಚಿಕಿತ್ಸೆ. 1978ರಲ್ಲಿ ಕ್ಲೀವ್‌ಲ್ಯಾಂಡ್ ತಂಡದ ಪರ ಎಂಟು ಪಂದ್ಯ ಗೆದ್ದು ತಲೆಯೆತ್ತಿದರಾದರೂ, 1979ರ ನಂತರ ಮೇಜರ್ ಲೀಗ್‌ನ ಬಾಗಿಲು ಮತ್ತೆ ತೆರೆಯಲಿಲ್ಲ. ಒಟ್ಟು 84 ಪಂದ್ಯ, 18 ಗೆಲುವು, 33 ಸೋಲು. 26ನೇ ವಯಸ್ಸಿಗೆ ಆಟ ಬಿಟ್ಟು ಹೂಸ್ಟನ್‌ನಲ್ಲಿ ಮಾವನ ಮರದ ವ್ಯಾಪಾರಕ್ಕೆ ಸೇರಿದರು.

ಪಿಂಚಣಿಯ ಪೆಟ್ಟು ಬಿದ್ದದ್ದು ಇಲ್ಲಿ. ಆಗಿನ ನಿಯಮದಂತೆ ನಾಲ್ಕು ವರ್ಷದ ಸೇವೆ ಬೇಕಿತ್ತು. ತಂಡದ ಪಟ್ಟಿಯಲ್ಲಿ 172 ದಿನ ಇದ್ದರೆ ಒಂದು ವರ್ಷ ಎಂದು ಲೆಕ್ಕ. 1980ರಲ್ಲಿ ಆಟಗಾರರ ಸಂಘ ಮತ್ತು ಮಾಲೀಕರ ನಡುವೆ ಹೊಸ ಒಪ್ಪಂದವಾಗಿ, 43 ದಿನ ಇದ್ದರೂ ಪಿಂಚಣಿ ಎಂದಾಯಿತು. ಆದರೆ ಈ ಸವಲತ್ತು ಮುಂದೆ ಆಡುವವರಿಗೆ ಮಾತ್ರ, ಅದಕ್ಕೆ ಮೊದಲೇ ಆಟ ಮುಗಿಸಿದವರಿಗಿಲ್ಲ. ಹೀಗಾಗಿ 1980ರ ನಂತರ ಒಂದೂವರೆ ತಿಂಗಳು ತಂಡದಲ್ಲಿದ್ದವರಿಗೆ ಪಿಂಚಣಿ ಬಂತು, ಐದು ಋತುಗಳಲ್ಲಿ ಕಣಕ್ಕಿಳಿದ ಕ್ಲೈಡ್‌ಗೆ ಇಲ್ಲ.

2011ರಲ್ಲಿ ಲೀಗ್ ಮತ್ತು ಸಂಘ ಈ ಹಳಬರಿಗೂ ವರ್ಷಕ್ಕಿಷ್ಟು ಎಂದು ಕೊಡಲು ಒಪ್ಪಿದವು: ಪ್ರತಿ 43 ದಿನದ ಸೇವೆಗೆ 625 ಡಾಲರ್, ಹೆಚ್ಚೆಂದರೆ 10,000. 2022ರ ಒಪ್ಪಂದದಲ್ಲಿ ಇದು ಶೇ. 15ರಷ್ಟು ಏರಿತು. ಆದರೂ ಇದಕ್ಕೆ ಪಿಂಚಣಿಯ ಹಕ್ಕುಗಳಿಲ್ಲ. ಆಟಗಾರ ತೀರಿಕೊಂಡರೆ ಹಣ ಅಲ್ಲಿಗೇ ನಿಲ್ಲುತ್ತದೆ. ಹೆಂಡತಿಗೂ ಇಲ್ಲ, ಮಕ್ಕಳಿಗೂ ಇಲ್ಲ.