ದಕ್ಷಿಣದಲ್ಲಿ ಹುಟ್ಟಿ ಉತ್ತರದಲ್ಲಿ ಬೆಳೆದ ಡಚ್ ಭಾಷೆ

ಡಚ್ ಅಂದ ತಕ್ಷಣ ನಮಗೆ ಆಮ್‌ಸ್ಟರ್‌ಡ್ಯಾಮ್ ನೆನಪಾಗುತ್ತದೆ. ಕಾಲುವೆ, ಸೈಕಲ್ಲು, ಟ್ಯುಲಿಪ್. ಆದರೆ ಮಧ್ಯಯುಗದ ಡಚ್ ಬರಹಗಳನ್ನು ತೆಗೆದು ನೋಡಿದರೆ ಆಮ್‌ಸ್ಟರ್‌ಡ್ಯಾಮ್ ಹೆಸರು ಬರುವುದೇ ಅಪರೂಪ. ಅಲ್ಲಿ ಕಾಣುವುದೆಲ್ಲ ಬ್ರೂಜ್, ಘೆಂಟ್, ಬ್ರಸೆಲ್ಸ್, ಆಂಟ್‌ವರ್ಪ್. ಈ ನಾಲ್ಕೂ ಊರುಗಳು ಇವತ್ತು ಇರುವುದು ಬೆಲ್ಜಿಯಂನಲ್ಲಿ. ವಿಚಿತ್ರ ಏನೆಂದರೆ, ಇದೇ ಊರುಗಳ ಜನ 19ನೇ ಶತಮಾನದಲ್ಲಿ ತಮ್ಮ ಭಾಷೆಗೆ ಕೋರ್ಟಿನಲ್ಲಿ, ಕಾಲೇಜಿನಲ್ಲಿ ಜಾಗ ಕೊಡಿ ಎಂದು ಹೋರಾಡಬೇಕಾಯಿತು. ತಮ್ಮ ಮನೆಯಲ್ಲೇ ಬೆಳೆದ ಭಾಷೆಯನ್ನು ಅವರು ಉತ್ತರದವರಿಂದ, ಅಂದರೆ ಇವತ್ತಿನ ನೆದರ್ಲೆಂಡ್ಸ್‌ನವರಿಂದ, ವಾಪಸ್ ಪಡೆದರು ಎಂದರೂ ತಪ್ಪಲ್ಲ.

ಕಥೆ ಶುರುವಾಗುವುದು ಫ್ರಾಂಕ್ ಜನರಿಂದ. ರೈನ್ ನದಿ ರೋಮನ್ ಸಾಮ್ರಾಜ್ಯದ ಗಡಿಯಾಗಿತ್ತು. ರೋಮ್ ಬಲ ಕಳೆದುಕೊಳ್ಳುತ್ತಿದ್ದಂತೆ ಫ್ರಾಂಕರು ಆ ಗಡಿ ದಾಟಿ ಬಂದು ನೆಲೆಯೂರಿದರು. ಅವರಲ್ಲಿ ದಕ್ಷಿಣಕ್ಕೆ, ಗಾಲ್ ನಾಡಿನ ಒಳಗೆ ಹೋದವರು ನಿಧಾನವಾಗಿ ಅಲ್ಲಿನ ಲ್ಯಾಟಿನ್ ಆಡುಮಾತಿಗೆ ಹೊರಳಿದರು. ಫ್ರಾನ್ಸ್‌ಗೆ ಹೆಸರು ಕೊಟ್ಟವರು ಇವರೇ, ಆದರೆ ಇವರ ಸ್ವಂತ ಮಾತು ಅಲ್ಲಿ ಉಳಿಯಲಿಲ್ಲ. ಉತ್ತರದಲ್ಲೇ ಉಳಿದ ಫ್ರಾಂಕರ ಮಾತು ಮಾತ್ರ ಬದುಕಿತು. ಅದರಿಂದ ಬಂದದ್ದೇ ಡಚ್. ಬೆಲ್ಜಿಯಂ ನಡುವೆ ಇವತ್ತಿಗೂ ಅಡ್ಡಲಾಗಿ ಹಾದುಹೋಗುವ ಫ್ರೆಂಚ್–ಡಚ್ ಗಡಿಯ ಬೇರು ಇಲ್ಲಿದೆ.

ಆ ಕಾಲದ ಮಾತು ನಮಗೆ ಚೂರುಚೂರಾಗಿ ಸಿಕ್ಕಿದೆ. ಫ್ರಾಂಕರ ಸಾಲಿಕ್ ಕಾನೂನನ್ನು ಬರೆದದ್ದು ಲ್ಯಾಟಿನ್‌ನಲ್ಲಿ. ಆದರೆ ಜನರು ಕಟ್ಟೆಯ ಮುಂದೆ ಬಾಯಲ್ಲಿ ಹೇಳಬೇಕಾದ ಮಾತುಗಳನ್ನು ಬರೆಯುವವನು ಅವರ ಭಾಷೆಯಲ್ಲೇ ಬಿಟ್ಟಿದ್ದಾನೆ. ಅರೆಜೀತದಲ್ಲಿದ್ದವನನ್ನು ಬಿಡುಗಡೆ ಮಾಡುವಾಗ ಹೇಳುವ ಮಾತು ಹೀಗಿದೆ: 'ಮಾಲ್ಥೊ ಥಿ ಆಫ್ರಿಯೊ ಲಿಟೊ'. ಅಂದರೆ 'ನಿನಗೆ ಹೇಳುತ್ತಿದ್ದೇನೆ, ಜೀತದಾಳೇ, ನಿನ್ನನ್ನು ಬಿಟ್ಟಿದ್ದೇನೆ'. ಇದು 6ನೇ ಶತಮಾನದ್ದು. ಅದಕ್ಕೂ ಹಿಂದಿನ, 5ನೇ ಶತಮಾನದ ಕತ್ತಿಯ ಒರೆಯ ತುಂಡೊಂದು 1996ರಲ್ಲಿ ನೆದರ್ಲೆಂಡ್ಸ್‌ನ ಟೀಲ್ ಊರಿನ ಹತ್ತಿರ ಬೆರ್ಗಾಕರ್‌ನಲ್ಲಿ ಸಿಕ್ಕಿತು. ಅದರ ಮೇಲೆ ಜರ್ಮ್ಯಾನಿಕ್ ಜನರ ಹಳೆಯ ಲಿಪಿಯಾದ ರೂನ್‌ನಲ್ಲಿ ಬರಹವಿದೆ. ಓದಿ ಅರ್ಥ ಹೇಳಿದವರು ಬೇಕಾದಷ್ಟು ಜನ, ಆದರೆ ಎಲ್ಲರೂ ಒಪ್ಪುವ ಅರ್ಥ ಮಾತ್ರ ಇಲ್ಲ.

ಡಚ್ ಅಂದರೆ ಜರ್ಮನ್‌ನ ಒಂದು ಉಪಭಾಷೆ ಅಲ್ವಾ? ಈ ಪ್ರಶ್ನೆ ಕೇಳಿ ಕೇಳಿ ಡಚ್ಚರಿಗೆ ಸಾಕಾಗಿದೆ. ಎರಡೂ ಒಂದೇ ಕುಟುಂಬದವು ಎಂಬುದು ನಿಜ. ಆದರೆ ಸುಮಾರು 6ರಿಂದ 8ನೇ ಶತಮಾನದಲ್ಲಿ ಜರ್ಮನಿಯ ದಕ್ಷಿಣ ಭಾಗದಲ್ಲಿ ಕೆಲವು ವ್ಯಂಜನಗಳ ಉಚ್ಚಾರ ಬದಲಾಯಿತು. ನೀರಿಗೆ ಇಂಗ್ಲಿಷ್‌ನಲ್ಲಿ 'ವಾಟರ್', ಡಚ್‌ನಲ್ಲೂ 'ವಾಟರ್', ಜರ್ಮನ್‌ನಲ್ಲಿ 'ವಾಸರ್'. ಸೇಬಿಗೆ ಡಚ್ಚರು 'ಆಪಲ್' ಎಂದರೆ ಜರ್ಮನ್ನರು 'ಆಪ್‌ಫೆಲ್' ಎನ್ನುತ್ತಾರೆ. ಆ ಬದಲಾವಣೆಯ ಅಲೆ ಡಚ್ ನಾಡಿನವರೆಗೆ ಬರಲೇ ಇಲ್ಲ. ಉತ್ತರ ಜರ್ಮನಿಗೂ ಬರಲಿಲ್ಲ. ಹಾಗಾಗಿ ಹಳ್ಳಿಯಿಂದ ಹಳ್ಳಿಗೆ ನಡೆದು ಹೋದರೆ ಇಲ್ಲಿಗೆ ಡಚ್ ಮುಗಿಯಿತು, ಇಲ್ಲಿಂದ ಜರ್ಮನ್ ಶುರು ಎಂದು ಹೇಳುವಂಥ ಜಾಗ ಹಿಂದೆ ಎಲ್ಲೂ ಇರಲಿಲ್ಲ. ಆ ಗೆರೆ ಎಳೆದದ್ದು ಆಮೇಲಿನ ರಾಜಕೀಯ, ಶಾಲೆ ಮತ್ತು ಬೈಬಲ್. ಡಚ್ ತನ್ನದೇ ದಾರಿಯಲ್ಲೂ ಒಂದಿಷ್ಟು ಬದಲಾಯಿತು. ಇಂಗ್ಲಿಷ್‌ನ 'ಓಲ್ಡ್', ಜರ್ಮನ್‌ನ 'ಆಲ್ಟ್' ಡಚ್ಚರ ಬಾಯಲ್ಲಿ ಲಕಾರ ಕರಗಿ 'ಔಟ್' ಆಯಿತು.

ಇನ್ನು ಹಕ್ಕಿಗಳ ಬಗೆಗಿನ ಒಂದು ಪ್ರಸಿದ್ಧ ಡಚ್ ಸಾಲು. 1932ರಲ್ಲಿ ಕೆನೆತ್ ಸಿಸಮ್ ಎಂಬ ವಿದ್ವಾಂಸ ಆಕ್ಸ್‌ಫರ್ಡ್‌ನ ಬಾಡ್ಲಿಯನ್ ಗ್ರಂಥಾಲಯದಲ್ಲಿ ಹಳೆಯ ಹಸ್ತಪ್ರತಿಯೊಂದನ್ನು ನೋಡುತ್ತಿದ್ದಾಗ ಹಾಳೆಯೊಂದರಲ್ಲಿ ಗೀಚಿದ ಬರಹ ಕಂಡಿತು. ಹೊಸದಾಗಿ ಕೆತ್ತಿದ ಗರಿಯ ಲೇಖನಿ ಸರಿಯಾಗಿ ಬರೆಯುತ್ತದೋ ಇಲ್ಲವೋ ನೋಡಲು ಸುಮ್ನೆ ಏನಾದರೂ ಗೀಚುವುದು ಆಗಿನ ರೂಢಿ. ಇಂಗ್ಲೆಂಡಿನ ಕೆಂಟ್ ಪ್ರಾಂತ್ಯದ ರೋಚೆಸ್ಟರ್ ಮಠದಲ್ಲಿ ಸುಮಾರು 1100ರ ಹೊತ್ತಿಗೆ ಒಬ್ಬ ಸನ್ಯಾಸಿ ಹಾಗೆ ಗೀಚಿದ್ದ. ಅವನು ಫ್ಲಾಂಡರ್ಸ್‌ನ (ಇವತ್ತಿನ ಬೆಲ್ಜಿಯಂನ ಡಚ್ ಮಾತಿನ ಭಾಗ) ಪಶ್ಚಿಮದಿಂದ ಬಂದವನಿರಬೇಕು ಎಂಬುದು ರೂಢಿಯ ಅಭಿಪ್ರಾಯ. 'ಹೆಬ್ಬನ್ ಓಲಾ ವೋಗಲಾ ನೆಸ್ತಾಸ್ ಹಗುನ್ನನ್, ಹಿನಾಸೆ ಹಿಕ್ ಎಂದಾ ಥು'. 'ಹಕ್ಕಿಗಳೆಲ್ಲ ಗೂಡು ಕಟ್ಟಲು ಶುರು ಮಾಡಿವೆ, ನಾನು ನೀನು ಮಾತ್ರ ಇಲ್ಲ. ಇನ್ನು ಯಾತಕ್ಕೆ ಕಾಯುತ್ತಿದ್ದೇವೆ?' ಸನ್ಯಾಸಿಯ ಲೇಖನಿಯಿಂದ ಇಂಥ ಸಾಲು!

ಇದೇ ಅತ್ಯಂತ ಹಳೆಯ ಡಚ್ ವಾಕ್ಯ ಎಂದು ಶಾಲೆಗಳಲ್ಲಿ ಬಹಳ ಕಾಲ ಹೇಳಿಕೊಟ್ಟರು. ಮೇಲಿನ ಜೀತದ ಮಾತು ಇದಕ್ಕಿಂತ ಐನೂರು ವರ್ಷ ಹಳೆಯದು ಎಂಬುದು ಬೇರೆ ವಿಷಯ. ಅದಕ್ಕಿಂತ ಮಜಾ ಅಂದರೆ, ಇದು ಪಶ್ಚಿಮ ಫ್ಲಾಂಡರ್ಸ್‌ನ ಮಾತೇ ಅಲ್ಲ, ಕೆಂಟ್‌ನ ಹಳೆಯ ಇಂಗ್ಲಿಷ್ ಇರಬಹುದು ಎಂದು ಘೆಂಟ್‌ನ ಭಾಷಾಶಾಸ್ತ್ರಜ್ಞ ಲ್ಯೂಕ್ ಡಿ ಗ್ರೌವ 2004ರಲ್ಲಿ ವಾದ ಹೂಡಿದರು. ವಾದ ಪೂರ್ತಿ ಗೆದ್ದಿಲ್ಲ, ಬಿದ್ದೂ ಹೋಗಿಲ್ಲ. ಕಡಲ ಆಚೆ ಈಚೆಯ ಮಾತುಗಳು ಆಗ ಎಷ್ಟು ಹತ್ತಿರ ಇದ್ದವು ಎನ್ನುವುದಕ್ಕೆ ಈ ಜಗಳವೇ ಸಾಕ್ಷಿ.

12ನೇ ಶತಮಾನದಿಂದ ಬರಹ ಜಾಸ್ತಿಯಾಯಿತು. ಕಾರಣ ದುಡ್ಡು. ಫ್ಲಾಂಡರ್ಸ್‌ನ ಉಣ್ಣೆ ಬಟ್ಟೆ ಯೂರೋಪಿಗೆಲ್ಲ ಹೋಗುತ್ತಿತ್ತು. ಬ್ರೂಜ್, ಘೆಂಟ್‌ಗಳಲ್ಲಿ ವ್ಯಾಪಾರಿಗಳು, ಕರಣಿಕರು, ಕುಶಲಕರ್ಮಿ ಸಂಘಗಳು. ಲೆಕ್ಕಪತ್ರ, ಊರಿನ ಕಟ್ಟಳೆ ಎಲ್ಲ ಜನರ ಮಾತಿನಲ್ಲೇ ಬರತೊಡಗಿದವು. ಆ ಮಾತಿಗೆ ಆಗಿನ ಹೆಸರು 'ಡೀಟ್ಸ್'. ಜನರ ಮಾತು ಎಂದರ್ಥ, ಲ್ಯಾಟಿನ್ ಅಲ್ಲದ್ದು ಎಂದು. ಇಂಗ್ಲಿಷರ 'ಡಚ್' ಬಂದದ್ದು ಇದೇ ಮೂಲದಿಂದ. ಯಾಕೊಬ್ ವಾನ್ ಮಾರ್ಲಾಂಟ್ 13ನೇ ಶತಮಾನದಲ್ಲಿ ಪ್ರಾಣಿ, ಗಿಡ, ಕಲ್ಲುಗಳ ಬಗ್ಗೆ ದೊಡ್ಡ ಗ್ರಂಥವನ್ನೇ ಡಚ್ ಪದ್ಯದಲ್ಲಿ ಬರೆದ. ಅದೇ ಶತಮಾನದಲ್ಲಿ ವಿಲ್ಲೆಮ್ ಎಂಬ ಕವಿ ನರಿ ರೇನಾರ್ಟ್‌ನ ಕಥೆ ಬರೆದ. ಇಷ್ಟಾದರೂ ಎಲ್ಲರಿಗೂ ಒಂದೇ ಬರಹದ ಭಾಷೆ ಅಂತ ಇರಲಿಲ್ಲ. ಫ್ಲಾಂಡರ್ಸ್‌ನವನು ತನ್ನ ಹಾಗೆ ಬರೆದ, ಪಕ್ಕದ ನಾಡಾದ ಬ್ರಬಾಂಟ್‌ನವನು ತನ್ನ ಹಾಗೆ. ಉತ್ತರದ ಹಾಲೆಂಡ್ ಆಗಿನ್ನೂ ಹಿಂದಿನ ಬೆಂಚಿನಲ್ಲಿ ಕೂತಿತ್ತು.

ಇದನ್ನೆಲ್ಲ ತಲೆಕೆಳಗು ಮಾಡಿದ್ದು 1585. ಆಗ ಈ ನಾಡುಗಳನ್ನು ಆಳುತ್ತಿದ್ದ ಸ್ಪೇನ್ ದೊರೆಯ ವಿರುದ್ಧ ಎದ್ದ ದಂಗೆಯಲ್ಲಿ ಆಂಟ್‌ವರ್ಪ್ ಪ್ರಾಟೆಸ್ಟಂಟರ ಕೈಯಲ್ಲಿತ್ತು. ವರ್ಷಕ್ಕೂ ಹೆಚ್ಚು ಕಾಲದ ಮುತ್ತಿಗೆಯ ನಂತರ ಊರು ಸ್ಪೇನ್ ಸೇನೆಗೆ ಶರಣಾಯಿತು. ಪ್ರಾಟೆಸ್ಟಂಟರಿಗೆ ನಾಲ್ಕು ವರ್ಷ ಗಡುವು: ಒಂದೋ ಕ್ಯಾಥೊಲಿಕ್ ಆಗಿ, ಇಲ್ಲವೇ ಊರು ಬಿಡಿ. ಊರಿನ ಸುಮಾರು ಅರ್ಧದಷ್ಟು ಜನ ಗಂಟುಮೂಟೆ ಕಟ್ಟಿದರು. ವ್ಯಾಪಾರಿಗಳು, ಮುದ್ರಕರು, ಶಾಲಾ ಮೇಷ್ಟ್ರುಗಳು, ಪಾದ್ರಿಗಳು ಲೈಡನ್, ಹಾರ್ಲೆಮ್, ಆಮ್‌ಸ್ಟರ್‌ಡ್ಯಾಮ್ ಸೇರಿದರು. ಅವರ ಜೊತೆ ಅವರ ಬರಹದ ರೂಢಿಯೂ ಹೋಯಿತು. ಇವತ್ತಿನ ಶಿಷ್ಟ ಡಚ್ ನೋಡಿದರೆ ಮೇಲ್ನೋಟಕ್ಕೆ ಹಾಲೆಂಡ್‌ನದು, ಆದರೆ ಬರಹದಲ್ಲಿ ದಕ್ಷಿಣದ ನೆರಳು ಎದ್ದು ಕಾಣುತ್ತದೆ.

ದಕ್ಷಿಣದಿಂದ ಬಂದವರಲ್ಲಿ ನನಗೆ ತುಂಬ ಇಷ್ಟವಾಗುವವನು ಬ್ರೂಜ್‌ನ ಸಿಮೊನ್ ಸ್ಟೇವಿನ್. ಗಣಿತಜ್ಞ, ಎಂಜಿನಿಯರ್. ದಶಮಾಂಶ ಲೆಕ್ಕವನ್ನು ಯೂರೋಪಿನ ಜನಸಾಮಾನ್ಯರಿಗೆ ಮುಟ್ಟಿಸಿದವನು. ವಿಜ್ಞಾನಕ್ಕೆ ಲ್ಯಾಟಿನ್‌ಗಿಂತ ಡಚ್ಚೇ ಮೇಲು ಎಂಬುದು ಅವನ ಹಠ. ಡಚ್‌ನಲ್ಲಿ ಒಂದೇ ಉಚ್ಚಾರಾಂಶದ ಪದಗಳು ಎಷ್ಟಿವೆ, ಲ್ಯಾಟಿನ್‌ನಲ್ಲಿ ಎಷ್ಟು ಎಂದು ಪಟ್ಟಿ ಮಾಡಿ 1586ರ ತನ್ನ ಪುಸ್ತಕದಲ್ಲಿ ಅಚ್ಚು ಹಾಕಿಸಿದ. ಚಿಕ್ಕ ಪದಗಳು ಹೆಚ್ಚಿದ್ದಷ್ಟೂ ಹೊಸ ಪದ ಕಟ್ಟುವುದು ಸುಲಭ ಎಂಬುದು ಅವನ ತರ್ಕ. ಬರೀ ವಾದ ಮಾಡಿ ಬಿಡಲಿಲ್ಲ, ಪದಗಳನ್ನು ಕಟ್ಟಿಯೂ ತೋರಿಸಿದ. ಗಣಿತಕ್ಕೆ 'ವಿಸ್‌ಕೊನ್ಸ್ಟ್' ಎಂದ, ಅಂದರೆ ಖಚಿತವಾದುದರ ಕಲೆ. ಯೂರೋಪಿನ ಬಹುತೇಕ ಭಾಷೆಗಳು ಗ್ರೀಕ್ ಪದವನ್ನೇ ಇಟ್ಟುಕೊಂಡಿರುವಾಗ ಡಚ್ ಮಕ್ಕಳು ಇವತ್ತಿಗೂ ಶಾಲೆಯಲ್ಲಿ ಕಲಿಯುವುದು 'ವಿಸ್‌ಕುಂಡೆ'. 1600ರಲ್ಲಿ ಲೈಡನ್‌ನಲ್ಲಿ ಎಂಜಿನಿಯರುಗಳಿಗಾಗಿ ಡಚ್‌ನಲ್ಲೇ ಪಾಠ ಮಾಡುವ ಶಾಲೆ ತೆರೆದಾಗ ಪಠ್ಯಕ್ರಮ ಹಾಕಿಕೊಟ್ಟವನು ಇವನೇ. ಕೋಟೆ ಕಟ್ಟುವವನಿಗೆ, ನೆಲ ಅಳೆಯುವವನಿಗೆ ಲ್ಯಾಟಿನ್ ಯಾತಕ್ಕೆ, ಅಲ್ವಾ?

ಆಮೇಲೆ ಬೈಬಲ್. 1618ರಲ್ಲಿ ಡೋರ್ಡ್ರೆಕ್ಟ್‌ನಲ್ಲಿ ಸೇರಿದ ಧರ್ಮಸಭೆ ಹೊಸ ಅನುವಾದಕ್ಕೆ ಒಪ್ಪಿಗೆ ಕೊಟ್ಟಿತು. ಅದು ಅಚ್ಚಾಗಿ ಬಂದದ್ದು 1637ರಲ್ಲಿ. ಅನುವಾದಕರನ್ನು ಬೇಕೆಂದೇ ಬೇರೆ ಬೇರೆ ಪ್ರಾಂತ್ಯಗಳಿಂದ ಆರಿಸಿದ್ದರು, ಎಲ್ಲರಿಗೂ ಅರ್ಥವಾಗಲಿ ಎಂದು. ಹಾಗಾಗಿ ದೇವರ ಮಾತಿನ ಜೊತೆಗೆ ವ್ಯಾಕರಣದ ಪಂಚಾಯಿತಿಯೂ ನಡೆಯಿತು. ಹಾಲೆಂಡ್‌ನವರು 'ಅವನು ತನ್ನನ್ನು ತೊಳೆದುಕೊಂಡ' ಎನ್ನಲು 'ಅವನು ಅವನನ್ನು ತೊಳೆದ' ಎಂಬಂತೆ ಹೇಳುತ್ತಿದ್ದರು. 'ತನ್ನನ್ನು' ಎನ್ನಲು ಬೇರೆ ಪದವೇ ಅವರಲ್ಲಿ ಇರಲಿಲ್ಲ. ಪೂರ್ವದ ಕಡೆಯವರ 'ಜಿಖ್' ಬೈಬಲ್‌ಗೆ ಬಂತು, ಅಲ್ಲಿಂದ ಎಲ್ಲರ ಬರಹಕ್ಕೂ ಹಬ್ಬಿತು. ಅದೇ ಶತಮಾನದ ವ್ಯಾಕರಣಕಾರರು ಲ್ಯಾಟಿನ್ ನೋಡಿಕೊಂಡು 'ಅವರನ್ನು' ಎಂಬುದಕ್ಕೆ 'ಹೆನ್', 'ಅವರಿಗೆ' ಎಂಬುದಕ್ಕೆ 'ಹುನ್' ಎಂದು ನಿಯಮ ಮಾಡಿದರು. ಜನರ ಬಾಯಲ್ಲಿ ಇಲ್ಲದ ವ್ಯತ್ಯಾಸ ಅದು. ನಾನೂರು ವರ್ಷವಾದರೂ ಓದಿದವರೇ ಇದರಲ್ಲಿ ಎಡವುತ್ತಾರೆ. ಈಗಂತೂ 'ಹುನ್' ಅನ್ನು 'ಅವರು' ಎಂಬ ಅರ್ಥದಲ್ಲೂ ಬಳಸುವುದು ಸಾಮಾನ್ಯವಾಗಿದೆ, ಮೇಷ್ಟ್ರುಗಳಿಗೆ ಅದನ್ನು ಕೇಳಿದರೆ ಮೈ ಉರಿಯುತ್ತದೆ.

ಇದೇ ಕಾಲದಲ್ಲಿ ಡಚ್ ಹಡಗುಗಳು ಲೋಕವೆಲ್ಲ ಸುತ್ತಿದವು. ಆದರೆ ಇಂಗ್ಲಿಷ್, ಪೋರ್ಚುಗೀಸ್ ಹಾಗೆ ಭಾಷೆ ಬೇರೂರಲಿಲ್ಲ. ಡಚ್ ಈಸ್ಟ್ ಇಂಡಿಯಾ ಕಂಪನಿಗೆ ಬೇಕಿದ್ದದ್ದು ಮೆಣಸು, ಲವಂಗ, ಲಾಭ. ಇಂಡೊನೇಷ್ಯಾದಲ್ಲಿ ಡಚ್ ಕಲಿತವರು ಕೆಲವೇ ಕೆಲವರು. ದಕ್ಷಿಣ ಅಮೆರಿಕದ ಸುರಿನಾಮ್‌ನಲ್ಲಾದರೆ ಇವತ್ತಿಗೂ ಅದೇ ಆಡಳಿತ ಭಾಷೆ. 1652ರಲ್ಲಿ ದಕ್ಷಿಣ ಆಫ್ರಿಕಾದ ಕೇಪ್‌ಗೆ ಹೋದ ಡಚ್ ಅಲ್ಲಿ ಗುಲಾಮರ, ಸ್ಥಳೀಯರ ಬಾಯಲ್ಲಿ ಬದಲಾಗಿ ಆಫ್ರಿಕಾನ್ಸ್ ಎಂಬ ಬೇರೆ ಭಾಷೆಯೇ ಆಯಿತು. ನಮ್ಮ ಕಡೆಯೂ ಕೊಚ್ಚಿ 1663ರಿಂದ ಅವರ ಕೈಯಲ್ಲಿತ್ತು. ಅವರು ಬಿಟ್ಟುಹೋದ ಪದಗಳಲ್ಲಿ ಗಟ್ಟಿಯಾಗಿ ಉಳಿದದ್ದು ಒಂದು: 'ಕಕ್‌ಹೌಸ್'. ಮಲಯಾಳ, ತಮಿಳಿನಲ್ಲಿ ಅದು 'ಕಕ್ಕೂಸ್', ನಮ್ಮಲ್ಲಿ ಕಕ್ಕಸು.

ಬೆಲ್ಜಿಯಂಗೆ ವಾಪಸ್ ಬರೋಣ. 1585ರ ನಂತರ ದಕ್ಷಿಣ ಸ್ಪೇನ್, ಆಸ್ಟ್ರಿಯ, ಫ್ರಾನ್ಸ್ ಎಂದು ಕೈ ಬದಲಾಯಿಸುತ್ತಾ ಹೋಯಿತು. ಓದು ಬಲ್ಲವರು ಫ್ರೆಂಚ್ ಹಿಡಿದರು. 1830ರಲ್ಲಿ ಬೆಲ್ಜಿಯಂ ಸ್ವತಂತ್ರವಾದಾಗ ಅರ್ಧಕ್ಕಿಂತ ಹೆಚ್ಚು ಜನರ ಮನೆಮಾತು ಡಚ್‌ನ ಒಂದಲ್ಲ ಒಂದು ಬಗೆ. ಆಡಳಿತ ಮಾತ್ರ ಫ್ರೆಂಚ್. 1860ರ ನವೆಂಬರ್‌ನಲ್ಲಿ ಕೌಕೆ ಮತ್ತು ಗೊಥಾಲ್ಸ್ ಎಂಬ ಇಬ್ಬರು ಫ್ಲೆಮಿಶ್ (ಫ್ಲಾಂಡರ್ಸ್‌ನ) ಕೂಲಿಗಳನ್ನು ಫ್ರೆಂಚ್ ಮಾತಿನ ಊರಾದ ಶಾರ್ಲೆರ್ವಾದಲ್ಲಿ ತಲೆ ಕಡಿಯುವ ಯಂತ್ರ ಗಿಲೊಟಿನ್‌ಗೆ ಕೊಟ್ಟರು. ಅವರ ಮೇಲಿದ್ದದ್ದು ವಿಧವೆಯೊಬ್ಬಳ ಕೊಲೆ ಆರೋಪ. ವಿಚಾರಣೆ ನಡೆದದ್ದು ಫ್ರೆಂಚ್‌ನಲ್ಲಿ, ಅವರಿಗೆ ಅದು ಸರಿಯಾಗಿ ಬರುತ್ತಿರಲಿಲ್ಲ. ಅವರು ನಿರಪರಾಧಿಗಳೇ ಎಂಬುದರ ಬಗ್ಗೆ ಇತಿಹಾಸಕಾರರು ಇನ್ನೂ ವಾದಿಸುತ್ತಾರೆ. ಆದರೆ ಅರ್ಥವಾಗದ ಭಾಷೆಯಲ್ಲಿ ಮರಣದಂಡನೆ ಎಂಬ ಸಿಟ್ಟು ಹೊತ್ತಿಕೊಂಡಿತು. 1873ರಲ್ಲಿ ಫ್ಲಾಂಡರ್ಸ್‌ನ ಕ್ರಿಮಿನಲ್ ಕೋರ್ಟುಗಳಿಗೆ ಡಚ್ ಬಂತು. ಕಾನೂನುಗಳ ಡಚ್ ಪಠ್ಯಕ್ಕೆ ಫ್ರೆಂಚ್‌ನಷ್ಟೇ ಮಾನ್ಯತೆ ಸಿಕ್ಕಿದ್ದು 1898ರಲ್ಲಿ. ಸಂವಿಧಾನದ ಡಚ್ ಪಠ್ಯಕ್ಕೆ ಸಮಾನ ಸ್ಥಾನ ಬರಲು 1967 ಆಗಬೇಕಾಯಿತು!

ಆದರೆ ಯಾವ ಡಚ್? ಇದೇ ದೊಡ್ಡ ಜಗಳ. ನಮ್ಮ ಊರಿನ ಫ್ಲೆಮಿಶ್ ಇದ್ದರೆ ಸಾಕು, ಹಾಲೆಂಡ್‌ನ ಪ್ರಾಟೆಸ್ಟಂಟ್ ಭಾಷೆ ನಮಗೇಕೆ ಎಂದವರು ಇದ್ದರು. ಪಾದ್ರಿ ಕವಿ ಖೀಡೊ ಖೆಝೆಲ್ಲೆ ಪಶ್ಚಿಮ ಫ್ಲಾಂಡರ್ಸ್‌ನ ಮಾತಿನ ಪರ ನಿಂತರು. ಇನ್ನೊಂದು ಗುಂಪಿನ ಲೆಕ್ಕಾಚಾರ ಬೇರೆ: ಫ್ರೆಂಚ್‌ನ ಎದುರು ನಿಲ್ಲಬೇಕಾದರೆ ಚಿಕ್ಕಚಿಕ್ಕ ಮಾತುಗಳಿಂದ ಆಗದು, ಉತ್ತರದ ಜೊತೆ ಒಂದೇ ಬರಹ ಬೇಕು. ಗೆದ್ದದ್ದು ಎರಡನೆಯ ಗುಂಪು. ಡಿ ವ್ರೀಸ್ ಮತ್ತು ಟೆ ವಿಂಕಲ್ ಎಂಬ ಉತ್ತರದ ಇಬ್ಬರು ರೂಪಿಸಿದ ಕಾಗುಣಿತವನ್ನು ಬೆಲ್ಜಿಯಂ 1864ರಲ್ಲೇ ಒಪ್ಪಿತು, ನೆದರ್ಲೆಂಡ್ಸ್ ಸರ್ಕಾರ 1883ರಲ್ಲಿ. ಆ ಕಾಗುಣಿತ ಹುಟ್ಟಿದ್ದೇ ಒಂದು ಮಹಾನಿಘಂಟಿಗಾಗಿ. ಅದರ ಮಾತು ಶುರುವಾದದ್ದು 1849ರಲ್ಲಿ ಘೆಂಟ್‌ನ ಸಮ್ಮೇಳನದಲ್ಲಿ, ಕೊನೆಯ ಸಂಪುಟ ಬಂದದ್ದು 1998ರಲ್ಲಿ.

ಘೆಂಟ್ ವಿಶ್ವವಿದ್ಯಾಲಯ ಡಚ್‌ಗೆ ಹೊರಳಿದ್ದು 1930ರಲ್ಲಿ. 1968ರಲ್ಲಿ ಲ್ಯೂವೆನ್ ಹೊತ್ತಿ ಉರಿಯಿತು. ಬೆಲ್ಜಿಯಂನ ಡಚ್ ಮಾತಿನ ನೆಲದಲ್ಲಿದ್ದ ಆ ಊರಿನ ವಿಶ್ವವಿದ್ಯಾಲಯದ ಫ್ರೆಂಚ್ ವಿಭಾಗ ಜಾಗ ಖಾಲಿ ಮಾಡಲಿ ಎಂದು ವಿದ್ಯಾರ್ಥಿಗಳು ಬೀದಿಗಿಳಿದರು, ಸರ್ಕಾರವೇ ಬಿತ್ತು. ಫ್ರೆಂಚ್ ಭಾಗಕ್ಕಾಗಿ ಭಾಷಾ ಗಡಿಯ ಆಚೆ ಹೊಸ ಊರನ್ನೇ ಕಟ್ಟಿದರು. ಗ್ರಂಥಾಲಯದ ಬಹುಪಾಲು ಪುಸ್ತಕಗಳನ್ನು ಹಂಚಿಕೊಂಡ ರೀತಿಯಂತೂ ನಗು ತರಿಸುತ್ತದೆ: ಬೆಸ ಸಂಖ್ಯೆಯವು ಒಬ್ಬರಿಗೆ, ಸಮ ಸಂಖ್ಯೆಯವು ಇನ್ನೊಬ್ಬರಿಗೆ.

1980ರಲ್ಲಿ ನೆದರ್ಲೆಂಡ್ಸ್ ಮತ್ತು ಬೆಲ್ಜಿಯಂ ಒಪ್ಪಂದ ಮಾಡಿಕೊಂಡು ಭಾಷೆಗಾಗಿ ಒಂದೇ ಸಂಸ್ಥೆ ಕಟ್ಟಿದವು. ಹೆಸರು 'ತಾಲ್‌ಯೂನಿ'. 2004ರಲ್ಲಿ ಸುರಿನಾಮ್ ಕೂಡ ಜೊತೆಗೂಡಿತು. ಸುಮಾರು 2.5 ಕೋಟಿ ಜನರ ಭಾಷೆಗೆ ಈಗ ಒಂದೇ ಕಾಗುಣಿತ. ಮಾತು ಮಾತ್ರ ಒಂದಾಗಿಲ್ಲ. ಬೆಲ್ಜಿಯಂನಲ್ಲಿ ಪುಸ್ತಕದ ಡಚ್ಚೂ ಅಲ್ಲದ, ಹಳ್ಳಿಯ ಮಾತೂ ಅಲ್ಲದ ನಡುವಿನ ಬಗೆಯೊಂದು ಟಿವಿ ಧಾರಾವಾಹಿಗಳಲ್ಲಿ, ಕಾಲೇಜಿನ ಕಾರಿಡಾರುಗಳಲ್ಲಿ ಹಬ್ಬುತ್ತಿದೆ. ನೆದರ್ಲೆಂಡ್ಸ್‌ನ ಚಾನೆಲ್‌ಗಳು ಫ್ಲೆಮಿಶ್ ಧಾರಾವಾಹಿ ತೋರಿಸುವಾಗ ಕೆಳಗೆ ಡಚ್ ಸಬ್‌ಟೈಟಲ್ ಹಾಕುವುದುಂಟು. ಫ್ಲೆಮಿಶ್ ಚಾನೆಲ್‌ಗಳೂ ಅವರ ಕಾರ್ಯಕ್ರಮಗಳಿಗೆ ಹಾಗೇ ಮಾಡುತ್ತವೆ.