ತುಂಬದ ಗುಂಡಿಯ ನೀರು ಎಲ್ಲಿ ಹೋಯಿತು?

ನಮ್ಮ ಉಡುಪಿ ಕಡೆಯ ಹಳ್ಳಿಗಳಲ್ಲಿ ಕಕ್ಕಸಿನ ಗುಂಡಿಯನ್ನು ಹೊಗಳಲು ಇರುವುದು ಒಂದೇ ಮಾತು: 'ಇಷ್ಟು ವರ್ಷ ಆಯ್ತು, ತುಂಬ್ಲೇ ಇಲ್ಲ.' 1994ರಲ್ಲಿ ನಮ್ಮ ಮನೆಯ ಗುಂಡಿ ತೋಡಿದ ಮೇಸ್ತ್ರಿ ಅಡಿಗೆ ಕಾಂಕ್ರೀಟು ಹಾಕಲು ಒಪ್ಪಲಿಲ್ಲ. 'ಅಡಿ ಕಟ್ಟಿದ್ರೆ ನಾಲ್ಕು ದಿನಕ್ಕೆ ತುಂಬ್ತದೆ ಮಾರಾಯ್ರೆ. ಹೀಗೇ ಬಿಡಿ, ನಿಮ್ಮ ಮೊಮ್ಮಕ್ಕಳ ಕಾಲಕ್ಕೂ ತುಂಬುದಿಲ್ಲ' ಎಂದು ಅಪ್ಪಯ್ಯನಿಗೆ ಭರವಸೆ ಕೊಟ್ಟರು. ಮಾತು ಸುಳ್ಳಾಗಲಿಲ್ಲ. ಮೊಮ್ಮಕ್ಕಳು ಬಂದರು, ಗುಂಡಿ ತುಂಬಲಿಲ್ಲ. ಮನೆಗೆ ಬಂದ ನೆಂಟರ ಎದುರು ಅಪ್ಪಯ್ಯ ಇದನ್ನು ಅಭಿಮಾನದಿಂದಲೇ ಹೇಳುತ್ತಿದ್ದರು.

ಕೆಲವು ವರ್ಷಗಳ ಹಿಂದೆ, ಜುಲೈ-ಆಗಸ್ಟಿನ ಆಟಿ ತಿಂಗಳ ಜಡಿಮಳೆಯಲ್ಲಿ, ನನ್ನ ಮಗಳಿಗೆ ಎರಡು ವಾರದಲ್ಲಿ ಮೂರು ಸಲ ಭೇದಿಯಾಯಿತು. ಕುಡಿಯುವ ನೀರಿನ ಪರೀಕ್ಷೆಗೆಂದು ಪಂಚಾಯತಿಯಲ್ಲಿ ಕೊಡುವ ಪುಟ್ಟ ಸೀಸೆಯೊಂದನ್ನು ತಂದು ಬಾವಿ ನೀರು ತುಂಬಿಸಿ ಅಡುಗೆಮನೆಯ ಮೂಲೆಯಲ್ಲಿಟ್ಟೆ. ಮರುದಿನ ಸಂಜೆ ನೋಡಿದರೆ ನೀರು ಮಸಿಯಂತೆ ಕಪ್ಪಾಗಿತ್ತು. ಬಾವಿಕಟ್ಟೆಯಿಂದ ಗುಂಡಿಗೆ ಹಗ್ಗ ಹಿಡಿದು ಅಳೆದೆ. ಮೂವತ್ತು ಅಡಿ.

ಆ ಸೀಸೆಯ ಒಳಗಿರುವುದು ಸರಳ ರಸಾಯನಶಾಸ್ತ್ರ. 1980ರ ದಶಕದ ಆರಂಭದಲ್ಲಿ ಗ್ವಾಲಿಯರ್‌ನ ವಿಜ್ಞಾನಿಗಳು ರೂಪಿಸಿದ ಪರೀಕ್ಷೆ ಅದು. ಸೀಸೆಯಲ್ಲಿ ಗಂಧಕದ ಒಂದು ಲವಣ, ಸ್ವಲ್ಪ ಕಬ್ಬಿಣ ಮತ್ತು ಬ್ಯಾಕ್ಟೀರಿಯಾಗಳಿಗೆ ಆಹಾರ ಇರುತ್ತವೆ. ಕರುಳಿನಿಂದ ಬರುವ ಕೆಲವು ಬ್ಯಾಕ್ಟೀರಿಯಾಗಳು ಗಂಧಕದ ಲವಣದಿಂದ ಹೈಡ್ರೋಜನ್ ಸಲ್ಫೈಡ್ ಅನಿಲವನ್ನು ಬಿಡಿಸುತ್ತವೆ. ಅದು ಕಬ್ಬಿಣದ ಜೊತೆ ಸೇರಿದರೆ ಕಪ್ಪು ಕಬ್ಬಿಣದ ಸಲ್ಫೈಡ್. ಮಣ್ಣಿನಲ್ಲಿರುವ ಬೇರೆ ಬ್ಯಾಕ್ಟೀರಿಯಾಗಳೂ ಒಮ್ಮೊಮ್ಮೆ ಇದೇ ಕೆಲಸ ಮಾಡುವುದರಿಂದ ಸೀಸೆ ಕಪ್ಪಾದರೆ ಅನುಮಾನ ಅಷ್ಟೇ, ತೀರ್ಪಲ್ಲ. ಪ್ರಯೋಗಾಲಯಕ್ಕೆ ಕೊಟ್ಟೆವು. ಕರುಳಿನಿಂದಲೇ ಬರುವ ಬ್ಯಾಕ್ಟೀರಿಯಾ ಇ. ಕೋಲಿ ಇದೆ ಎಂಬ ವರದಿ ಬಂತು. ಮುಂದಿನ ಮಾರ್ಚಿನಲ್ಲಿ ಅದೇ ಬಾವಿಯ ನೀರನ್ನು ಸೀಸೆಗೆ ತುಂಬಿದರೆ ಮೂರು ದಿನವಾದರೂ ಬಣ್ಣ ಬದಲಾಗಲಿಲ್ಲ. ಬೇಸಿಗೆಯಲ್ಲಿ ಇಲ್ಲದ್ದು ಮಳೆಗಾಲದಲ್ಲಿ ಎಲ್ಲಿಂದ ಬಂತು?

ಉತ್ತರ ಬೇಕಾದರೆ ಸರಿಯಾಗಿ ಕಟ್ಟಿದ ಸೆಪ್ಟಿಕ್ ಟ್ಯಾಂಕಿನೊಳಗೆ ಏನು ನಡೆಯುತ್ತದೆ ಎಂದು ಮೊದಲು ನೋಡಬೇಕು. ಅದು ಅಡಿ, ಗೋಡೆ ಎರಡನ್ನೂ ನೀರು ಸೋರದಂತೆ ಗಾರೆ ಮಾಡಿದ, ನಡುವೆ ಅಡ್ಡಗೋಡೆ ಇರುವ ತೊಟ್ಟಿ. ಒಳಗೆ ಬಂದ ನೀರು ಅಲ್ಲಿ ಸುಮ್ಮನೆ ನಿಲ್ಲಬೇಕು. ನಿಂತರೆ ಭಾರದ್ದು ತಳಕ್ಕೆ ಕೂರುತ್ತದೆ, ಎಣ್ಣೆ ಜಿಡ್ಡು ಮೇಲೆ ಕೆನೆಯಂತೆ ಕಟ್ಟುತ್ತದೆ, ನಡುವಿನ ತಿಳಿ ಮಾತ್ರ ಹೊರಗಿನ ಕೊಳವೆಗೆ ಹೋಗುತ್ತದೆ. ಕೊಳವೆಯ ಬಾಯಿಗೆ ಟಿ ಆಕಾರದ ತುಂಡು ಕೂರಿಸುವುದು ಕೆನೆ ಹೊರಗೆ ಹೋಗದಿರಲೆಂದು. ತಳದಲ್ಲಿ ಕೂತ ಕೆಸರನ್ನು ಗಾಳಿ ಬೇಡದ ಬ್ಯಾಕ್ಟೀರಿಯಾಗಳು ನಿಧಾನಕ್ಕೆ ತಿಂದು ಮೀಥೇನ್, ಇಂಗಾಲದ ಡೈಆಕ್ಸೈಡ್ ಮತ್ತು ನಮ್ಮ ಸೀಸೆಯನ್ನು ಕಪ್ಪು ಮಾಡಿದ ಅದೇ ಹೈಡ್ರೋಜನ್ ಸಲ್ಫೈಡ್ ಆಗಿ ಬಿಡುತ್ತವೆ. ಹೊಸ ಟ್ಯಾಂಕಿಗೆ ಸಗಣಿ, ಬೆಲ್ಲ, ಯೀಸ್ಟ್ ಹಾಕಬೇಕೆಂದು ಹೇಳುವವರಿದ್ದಾರೆ. ಬೇಕಿಲ್ಲ. ಬೇಕಾದ ಬ್ಯಾಕ್ಟೀರಿಯಾಗಳನ್ನು ಮನೆಯವರ ಕರುಳೇ ದಿನವೂ ಕಳಿಸಿಕೊಡುತ್ತದೆ. ಅವಕ್ಕೆ ತೊಂದರೆ ಕೊಡುವುದು ಬಾಟಲಿಗಟ್ಟಲೆ ಸುರಿಯುವ ಫಿನಾಯಿಲ್ ಮತ್ತು ಆಸಿಡ್.

ಇಷ್ಟೆಲ್ಲ ಆದಮೇಲೂ ಟ್ಯಾಂಕಿನಿಂದ ಹೊರಬರುವ ನೀರು ಶುದ್ಧವಲ್ಲ. ಕೊಳೆ ಅರ್ಧದಷ್ಟು ಇಳಿದಿರಬಹುದು, ಕಣ್ಣಿಗೆ ತೆಳ್ಳಗೆ ಕಾಣಬಹುದು. ಆದರೆ ಅದರ 100 ಮಿಲಿಲೀಟರಿನಲ್ಲಿ ಕರುಳಿನ ಬ್ಯಾಕ್ಟೀರಿಯಾಗಳು ಲಕ್ಷಗಟ್ಟಲೆ ಇರುತ್ತವೆ. ಕುಡಿಯುವ ನೀರಿನ 100 ಮಿಲಿಲೀಟರಿನಲ್ಲಿ ಇ. ಕೋಲಿ ಒಂದೂ ಇರಬಾರದು ಎನ್ನುತ್ತದೆ ನಮ್ಮ ದೇಶದ ಮಾನದಂಡ. ಟ್ಯಾಂಕು ಮಾಡುವುದು ಗಟ್ಟಿಯನ್ನೂ ನೀರನ್ನೂ ಬೇರೆ ಮಾಡುವ ಕೆಲಸ. ಆ ನೀರನ್ನು ಶುದ್ಧ ಮಾಡುವುದು ಆಚೆಗಿನ ಮಣ್ಣು.

'ತುಂಬುವುದಿಲ್ಲ' ಎಂಬ ಮೋಡಿಗೆ ಮರುಳಾದವರಲ್ಲಿ ನಮ್ಮ ಮೇಸ್ತ್ರಿ ಮೊದಲಿಗರಲ್ಲ. 1860ರ ದಶಕದಲ್ಲಿ ಫ್ರಾನ್ಸಿನ ವೆಸೂಲ್ ಪಟ್ಟಣದ ಲೂಯಿ ಮುರಾ ಎಂಬಾತ ಮನೆಗೂ ಹೊರಗಿನ ಕೊಳೆಗುಂಡಿಗೂ ನಡುವೆ ಒಂದು ಮುಚ್ಚಿದ ತೊಟ್ಟಿ ಕಟ್ಟಿಸಿದ. ಹನ್ನೆರಡು ವರ್ಷಗಳಷ್ಟು ಕಾಲದ ನಂತರ ತೆರೆದು ನೋಡಿದಾಗ ಅದರಲ್ಲಿ ಗಟ್ಟಿ ಪದಾರ್ಥ ಬಹಳ ಕಡಿಮೆ ಇತ್ತು. 1881ರಲ್ಲಿ ಪೇಟೆಂಟ್ ಪಡೆದ. ತೊಟ್ಟಿ ತನ್ನಷ್ಟಕ್ಕೆ ತಾನೇ ಎಲ್ಲವನ್ನೂ ಕರಗಿಸಿಬಿಡುತ್ತದೆ ಎಂಬ ನಂಬಿಕೆ ಅಲ್ಲಿಂದ ಹಬ್ಬಿತು. 1890ರ ದಶಕದಲ್ಲಿ ಇಂಗ್ಲೆಂಡಿನ ಎಕ್ಸೆಟರ್‌ನಲ್ಲಿ ಡೊನಾಲ್ಡ್ ಕ್ಯಾಮರಾನ್ ಇದಕ್ಕೆ 'ಸೆಪ್ಟಿಕ್ ಟ್ಯಾಂಕ್' ಎಂದು ಹೆಸರಿಟ್ಟ. ಗ್ರೀಕ್ ಮೂಲದ ಆ ಪದಕ್ಕೆ ಕೊಳೆಯುವುದು ಎಂದೇ ಅರ್ಥ. ತೊಟ್ಟಿಯಿಂದ ಹೊರಗೆ ಹೋದ ನೀರಿನ ಗತಿಯೇನು ಎಂದು ಕೇಳಿದವರು ಆಗಲೂ ಕಡಿಮೆ.

ಮಣ್ಣು ಈ ಕೆಲಸವನ್ನು ಮಾಡುವ ರೀತಿ ನನಗೆ ಇವತ್ತಿಗೂ ಅಚ್ಚರಿ. ಟ್ಯಾಂಕಿನಿಂದ ಹೊರಬಂದ ನೀರನ್ನು ನೆಲಕ್ಕೆ ಇಂಗಿಸುವ ಇಂಗುಗುಂಡಿಯ ಗೋಡೆಗೆ ತಾಗಿದ ಮಣ್ಣಿನಲ್ಲಿ ಸೂಕ್ಷ್ಮಜೀವಿಗಳ ಲೋಳೆಯಂಥ ಪದರವೊಂದು ಬೆಳೆಯುತ್ತದೆ. ಅದೇ ಮೊದಲ ಜರಡಿ. ಬ್ಯಾಕ್ಟೀರಿಯಾ, ಹುಳುಗಳ ಮೊಟ್ಟೆ ಬಹುಪಾಲು ಅಲ್ಲಿಯೇ ಸಿಕ್ಕಿಬೀಳುತ್ತವೆ. ಬ್ಯಾಕ್ಟೀರಿಯಾಕ್ಕಿಂತ ಹತ್ತಾರು ಪಟ್ಟು ಚಿಕ್ಕದಾದ ವೈರಸ್ಸುಗಳು ಆ ಜರಡಿ ದಾಟಿದರೂ ಜೇಡಿಯ ಕಣಗಳಿಗೆ ಅಂಟಿಕೊಳ್ಳುತ್ತವೆ. ಮಣ್ಣಿನ ಕಣಗಳ ನಡುವೆ ಗಾಳಿಯಿದ್ದರೆ ಅಲ್ಲಿನ ಜೀವಿಗಳು ಉಳಿದ ಕೊಳೆಯನ್ನು ತಿಂದು ಮುಗಿಸುತ್ತವೆ. ಇದಕ್ಕೆಲ್ಲ ನೀರು ನಿಧಾನವಾಗಿ ಜಿನುಗಬೇಕು, ಮಣ್ಣು ಪೂರ್ತಿ ನೆನೆದಿರಬಾರದು. ಗುಂಡಿಯ ತಳಕ್ಕೂ ಅಂತರ್ಜಲಕ್ಕೂ ನಡುವೆ ಸುಮಾರು 2 ಮೀಟರ್ ಒಣಮಣ್ಣು ಇರಬೇಕು, ಬಾವಿ ಕನಿಷ್ಠ 15 ಮೀಟರ್ ದೂರ ಇರಬೇಕು ಎಂದು ಎಂಜಿನಿಯರುಗಳು ಹೇಳುವುದು ಈ ಕಾರಣಕ್ಕೆ.

ನೀರು ನಿಧಾನ ಜಿನುಗಬೇಕು, ಮಣ್ಣು ಪೂರ್ತಿ ನೆನೆದಿರಬಾರದು ಎಂಬ ಎರಡೂ ಮಾತನ್ನು ಕರಾವಳಿಯ ನೆಲ ಕೇಳುವುದಿಲ್ಲ. ನಮ್ಮದು ಮುರಕಲ್ಲಿನ ಸೀಮೆ. 1807ರಲ್ಲಿ ಪ್ರಕಟವಾದ ತನ್ನ ಪ್ರವಾಸ ಕಥನದಲ್ಲಿ ಫ್ರಾನ್ಸಿಸ್ ಬುಕಾನನ್ ಈ ಕಲ್ಲಿಗೆ ಲ್ಯಾಟರೈಟ್ ಎಂದು ಹೆಸರಿಟ್ಟ. ಅಗೆಯುವಾಗ ಕೊಡಲಿಗೆ ಸಿಗುವಷ್ಟು ಮೆತ್ತಗೆ, ಗಾಳಿ ತಾಗಿದ ಮೇಲೆ ಇಟ್ಟಿಗೆಯಷ್ಟು ಗಟ್ಟಿ ಎಂದು ಗಮನಿಸಿದವನೂ ಅವನೇ. ಒಂದು ಮುರಕಲ್ಲನ್ನು ಕೈಗೆತ್ತಿಕೊಂಡು ನೋಡಿದರೆ ಸಾಕು, ಗೆದ್ದಲು ಕೊರೆದಂತೆ ತೂತುಗಳು. ನೆಲದೊಳಗೆ ಇವೇ ತೂತುಗಳು ಒಂದಕ್ಕೊಂದು ಕೂಡಿ ಕೊಳವೆಗಳಾಗಿವೆ. ನೀರು ಅಲ್ಲಿ ಜಿನುಗುವುದಿಲ್ಲ, ಹರಿಯುತ್ತದೆ. ಮೇಲಿಂದ ವರ್ಷಕ್ಕೆ ಸುಮಾರು 4,000 ಮಿಲಿಮೀಟರ್ ಮಳೆ, ಅದರಲ್ಲೂ ಹೆಚ್ಚಿನದು ನಾಲ್ಕೇ ತಿಂಗಳಲ್ಲಿ. ಮೇ ತಿಂಗಳಲ್ಲಿ ಹಗ್ಗ ಸಾಲದಷ್ಟು ಆಳಕ್ಕಿಳಿದ ಬಾವಿನೀರು ಜುಲೈಯಲ್ಲಿ ಕೈಗೆ ಸಿಗುವಷ್ಟು ಮೇಲೆ ಬರುತ್ತದೆ. ಆಗ ಹತ್ತು ಅಡಿ ಆಳದ ಗುಂಡಿ ಅಂತರ್ಜಲದ ಒಳಗೇ ಮುಳುಗಿರುತ್ತದೆ. ಗುಂಡಿಯ ನೀರಿಗೂ ಬಾವಿಯ ನೀರಿಗೂ ನಡುವೆ ಒಣಮಣ್ಣೇ ಉಳಿದಿರುವುದಿಲ್ಲ. ಮಾರ್ಚಿನ ಸೀಸೆ ತಿಳಿಯಾಗಿದ್ದದ್ದಕ್ಕೂ ಆಟಿಯ ಸೀಸೆ ಕಪ್ಪಾದದ್ದಕ್ಕೂ ಕಾರಣ ಸಿಕ್ಕಿತು. ನಮ್ಮ ಗುಂಡಿ ಯಾಕೆ ತುಂಬಲಿಲ್ಲ ಎಂಬುದಕ್ಕೂ ಅದೇ ಕಾರಣ.

ಕುದಿಸಿ ಕುಡಿದರಾಯಿತಲ್ಲ ಎಂದು ಅಮ್ಮ ಕೇಳಿದರು. ರೋಗಾಣುಗಳ ಮಟ್ಟಿಗೆ ಸರಿ. ಆದರೆ ಒಬ್ಬ ಮನುಷ್ಯನ ದೇಹದಿಂದ ವರ್ಷಕ್ಕೆ ನಾಲ್ಕು ಕಿಲೋಗ್ರಾಂ ಆಸುಪಾಸು ಸಾರಜನಕ ಹೊರಹೋಗುತ್ತದೆ, ಬಹುಪಾಲು ಮೂತ್ರದಲ್ಲಿ. ಗಾಳಿಯಿರುವ ಮಣ್ಣಿನಲ್ಲಿ ಅದು ನೈಟ್ರೇಟ್ ಆಗುತ್ತದೆ. ನೈಟ್ರೇಟ್ ಮಣ್ಣಿಗೆ ಅಂಟುವುದಿಲ್ಲ, ನೀರಿನ ಜೊತೆ ಸಾಗುತ್ತದೆ. ಕುದಿಸಿದರೆ ಹೋಗುವುದಿಲ್ಲ, ನೀರು ಆವಿಯಾದಷ್ಟೂ ಉಳಿದದ್ದರಲ್ಲಿ ಸಾಂದ್ರವಾಗುತ್ತದೆ. ಲೀಟರಿಗೆ 45 ಮಿಲಿಗ್ರಾಂ ಮೀರಬಾರದು ಎಂಬುದು ನಮ್ಮಲ್ಲಿನ ಮಿತಿ. ಮೀರಿದ ನೀರಿನಲ್ಲಿ ಹಾಲಿನ ಪುಡಿ ಕಲಸಿ ಕುಡಿಸಿದರೆ ಆರು ತಿಂಗಳೊಳಗಿನ ಕೂಸುಗಳ ರಕ್ತಕ್ಕೆ ಆಮ್ಲಜನಕ ಒಯ್ಯುವ ಶಕ್ತಿ ಕುಂದಿ ಮೈ ನೀಲಿಗಟ್ಟಬಹುದು. ಅಂತರ್ಜಲದಲ್ಲಿ ನೈಟ್ರೇಟ್ ಹೆಚ್ಚಿರುವ ರಾಜ್ಯಗಳಲ್ಲಿ ಕರ್ನಾಟಕವೂ ಒಂದು. ಗೊಬ್ಬರದ ಪಾಲು ಅದರಲ್ಲಿ ದೊಡ್ಡದಿರಬಹುದು, ಆದರೆ ಮನೆಮನೆಯ ಗುಂಡಿಗಳ ಪಾಲನ್ನು ಮರೆಯುವಂತಿಲ್ಲ.

ಇನ್ನು ಅಡಿ ಕಟ್ಟಿದ ಟ್ಯಾಂಕುಗಳ ಕಥೆ. 2,000 ಲೀಟರ್ ಟ್ಯಾಂಕಿಗೆ ಐದು ಜನರ ಮನೆಯಿಂದ ದಿನಕ್ಕೆ 600 ಲೀಟರ್ ನೀರು ಬಂದರೆ ನೀರು ಮೂರು ದಿನಕ್ಕಿಂತ ಹೆಚ್ಚು ನಿಲ್ಲುತ್ತದೆ. ಕೊಳೆತು ಉಳಿಯುವ ಕೆಸರು ಒಬ್ಬರಿಗೆ ವರ್ಷಕ್ಕೆ ಸುಮಾರು 40 ಲೀಟರ್ ಎಂದಿಟ್ಟುಕೊಂಡರೆ ಐದು ವರ್ಷಕ್ಕೆ ಅರ್ಧ ಟ್ಯಾಂಕು ಕೆಸರೇ. ನೀರು ನಿಲ್ಲುವ ಸಮಯ ಅರ್ಧಕ್ಕಿಳಿಯುತ್ತದೆ, ಮುಂದೆ ಕೆಲವು ಗಂಟೆಗಳಿಗೆ ಬರುತ್ತದೆ. ಹೊರನೋಟಕ್ಕೆ ಏನೂ ಕೆಟ್ಟಿರುವುದಿಲ್ಲ, ಕಕ್ಕಸಿನಲ್ಲಿ ನೀರು ಸರಾಗ ಇಳಿಯುತ್ತಲೇ ಇರುತ್ತದೆ. ಕೂತು ಇಳಿಯಬೇಕಾದದ್ದು ಕೂರದೆ ಹೊರಗೆ ಹೋಗುತ್ತಿರುತ್ತದೆ ಅಷ್ಟೇ. ಪೇಟೆಗಳಲ್ಲಿ ಆ ಕೊಳವೆ ಎಷ್ಟೋ ಕಡೆ ನೇರ ರಸ್ತೆಬದಿಯ ಚರಂಡಿಗೆ. ಆದ್ದರಿಂದಲೇ ಎರಡು ಮೂರು ವರ್ಷಕ್ಕೊಮ್ಮೆ ಕೆಸರು ತೆಗೆಸಬೇಕೆಂಬ ಸಲಹೆ.

ತೆಗೆಯುವವರು ಯಾರು? ಈ ಪ್ರಶ್ನೆ ಬಂದಾಗ ವಿಜ್ಞಾನದ ಮಾತು ಅಲ್ಲಿಗೇ ನಿಲ್ಲಬಾರದು. ಮುಚ್ಚಿದ ಟ್ಯಾಂಕಿನಲ್ಲಿ ಆಮ್ಲಜನಕ ಕಡಿಮೆ. ಕೆಸರನ್ನು ಕಲಕಿದ ಕೂಡಲೇ ಅದರಲ್ಲಿ ಸಿಕ್ಕಿಕೊಂಡಿದ್ದ ಹೈಡ್ರೋಜನ್ ಸಲ್ಫೈಡ್ ಒಮ್ಮೆಲೇ ಮೇಲೇಳುತ್ತದೆ. ಗಾಳಿಗಿಂತ ಭಾರ, ತಳದಲ್ಲೇ ನಿಲ್ಲುತ್ತದೆ. ತುಸುವೇ ಇದ್ದರೆ ಕೊಳೆತ ಮೊಟ್ಟೆಯ ವಾಸನೆ. ಹತ್ತು ಲಕ್ಷ ಭಾಗ ಗಾಳಿಯಲ್ಲಿ 100 ಭಾಗ ಮುಟ್ಟಿದರೆ ಮೂಗು ಸೋತು ವಾಸನೆಯೇ ತಿಳಿಯದಂತಾಗುತ್ತದೆ, ಒಳಗಿದ್ದವನಿಗೆ ಗಾಳಿ ಸರಿಹೋಯಿತು ಎನ್ನಿಸುತ್ತದೆ. 1,000 ಭಾಗವಾದರೆ ಒಂದೆರಡು ಉಸಿರಿಗೆ ಕುಸಿದು ಬೀಳುತ್ತಾನೆ. ಅವನನ್ನು ಎತ್ತಲು ಇಳಿದ ಎರಡನೆಯವನು, ಮೂರನೆಯವನು ಅಲ್ಲೇ ಉಳಿಯುತ್ತಾರೆ. ಪತ್ರಿಕೆಗಳಲ್ಲಿ ಇಂಥ ಸುದ್ದಿ ಓದುವಾಗ ಸತ್ತವರ ಸಂಖ್ಯೆ ಸಾಮಾನ್ಯವಾಗಿ ಒಂದಕ್ಕಿಂತ ಹೆಚ್ಚಿರುವುದು ಇದರಿಂದ. ಸತ್ತವರು ಯಾವ ಕೇರಿಯವರು ಎಂಬುದು ನಮಗೆಲ್ಲ ಗೊತ್ತು. ತಲೆಯ ಮೇಲೆ ಮಲ ಹೊರುವುದನ್ನು 1970ರ ದಶಕದಲ್ಲಿ, ದೇವರಾಜ ಅರಸು ಸರ್ಕಾರದ ಸಚಿವ ಬಿ. ಬಸವಲಿಂಗಪ್ಪನವರು ಈ ರಾಜ್ಯದಲ್ಲಿ ನಿಷೇಧಿಸಿದರು. 2013ರ ಕಾಯ್ದೆ ರಕ್ಷಣಾ ಸಾಧನವಿಲ್ಲದೆ ಟ್ಯಾಂಕಿಗೆ ಇಳಿಸುವುದನ್ನು ಅಪರಾಧ ಎಂದಿತು. ಇಂಥ ಸಾವಿಗೆ ಕೊಡಬೇಕಾದ ಪರಿಹಾರವನ್ನು ಸುಪ್ರೀಂ ಕೋರ್ಟ್ 2023ರಲ್ಲಿ 10 ಲಕ್ಷದಿಂದ 30 ಲಕ್ಷ ರೂಪಾಯಿಗೆ ಏರಿಸಿತು. ನಮ್ಮ ಮನೆಯ ಮುಚ್ಚಳ ತೆಗೆದು ಮನುಷ್ಯನನ್ನು ಇಳಿಸಲು ನನಗಾಗಲಿ ನಿಮಗಾಗಲಿ ಯಾವ ಹಕ್ಕೂ ಇಲ್ಲ. ಪೈಪು ಇಳಿಸಿ ಹೀರುವ ಗಾಡಿಗಳಿವೆ, ಅವು ಮನೆಯವರೆಗೆ ಬರಲು ಆಗದಿದ್ದರೆ ಉದ್ದದ ಪೈಪು ತರಿಸಬೇಕು.

ಗಾಡಿ ಹೀರಿಕೊಂಡು ಹೋದದ್ದು ಎಲ್ಲಿಗೆ ಎಂದೂ ಕೇಳಬೇಕು. ಬಹುಕಾಲ ಅದಕ್ಕೆ ಉತ್ತರ ಕೆರೆ, ಹಳ್ಳ ಅಥವಾ ಹೊಲವಾಗಿತ್ತು. ಬೆಂಗಳೂರಿನ ಸುತ್ತ ಕೆಲವು ರೈತರು ಅದನ್ನು ಗುಂಡಿಯಲ್ಲಿ ಒಣಗಿಸಿ ಬಾಳೆಗೆ, ತೆಂಗಿಗೆ ಗೊಬ್ಬರ ಮಾಡುತ್ತಿದ್ದರು. ಸತ್ವವಂತೂ ಇದೆ, ಆದರೆ ಜಂತುಹುಳದ ಮೊಟ್ಟೆ ಮಣ್ಣಿನಲ್ಲಿ ವರ್ಷಗಟ್ಟಲೆ ಬದುಕಬಲ್ಲದು. ಒಳಚರಂಡಿ ಇಲ್ಲದ ದೇವನಹಳ್ಳಿ ಪಟ್ಟಣದಲ್ಲಿ 2015ರಲ್ಲಿ ಶುರುವಾದ ಘಟಕ ಈ ಕೆಲಸವನ್ನು ಕ್ರಮವಾಗಿ ಮಾಡಿ ತೋರಿಸಿತು. ದೇಶದಲ್ಲಿ ಒಂದು ಊರಿನ ಮಟ್ಟಕ್ಕೆ ಹೀಗೆ ಕಟ್ಟಿದ ಮೊದಲನೆಯದು ಅದು. ಕೆಸರನ್ನು ಮುಚ್ಚಿದ ತೊಟ್ಟಿಗಳಲ್ಲಿ ಕೊಳೆಸಿ, ಮರಳಿನ ಹಾಸಿನ ಮೇಲೆ ಒಣಗಿಸಿ, ಹಸಿಕಸದ ಜೊತೆ ಗೊಬ್ಬರ ಮಾಡುತ್ತಾರೆ. ಸೋಸಿದ ನೀರನ್ನು ಜಲ್ಲಿಯಲ್ಲಿ ನೆಟ್ಟ ಗಿಡಗಳ ಬೇರಿನ ನಡುವೆ ಹಾಯಿಸುತ್ತಾರೆ. ವಿದ್ಯುತ್ತು ಹೆಚ್ಚು ಬೇಡ, ದೊಡ್ಡ ಯಂತ್ರ ಬೇಡ, ಜಾಗ ಮತ್ತು ತಾಳ್ಮೆ ಬೇಕು.

ಮನೆಯಲ್ಲಿ ನಾವೂ ಅದೇ ದಾರಿ ಹಿಡಿದೆವು. ಹಳೆಯ ಗುಂಡಿಯನ್ನು ಗಾಡಿಯಿಂದ ಖಾಲಿ ಮಾಡಿಸಿ ಮುಚ್ಚಿದೆವು. ಬಾವಿಗಿಂತ ತಗ್ಗಿನಲ್ಲಿ, ಎಪ್ಪತ್ತು ಅಡಿ ದೂರದಲ್ಲಿ ಅಡಿ ಕಟ್ಟಿದ ಟ್ಯಾಂಕು. ಗಾಳಿ ಪೈಪಿನ ಬಾಯಿಗೆ ಬಲೆ, ಏಕೆಂದರೆ ಆನೆಕಾಲು ರೋಗ ಹರಡುವ ಸೊಳ್ಳೆಗೆ ಇಂಥ ನೀರೇ ಮೆಚ್ಚು. ಅಲ್ಲಿಂದ ಹೊರಬರುವ ನೀರು ನೆಲದಿಂದ ಎರಡೂವರೆ ಅಡಿ ಎತ್ತರಿಸಿದ ಜಲ್ಲಿ ಮತ್ತು ಮರಳಿನ ದಿಬ್ಬಕ್ಕೆ. ಟ್ಯಾಂಕಿನಿಂದ ಮೇಲೆತ್ತಲು ಸಣ್ಣ ಪಂಪು ಬೇಕಾಯಿತು. ದಿಬ್ಬದ ಮೇಲೆ ಕಾಬಾಳೆ ನೆಟ್ಟಿದ್ದೇವೆ. ಬಚ್ಚಲ ನೀರು ಮೊದಲಿನ ಹಾಗೆ ಬಾಳೆಯ ಬುಡಕ್ಕೇ. ಐದು ಸೆಂಟ್ಸ್ ಜಾಗದಲ್ಲಿ ಮನೆ ಕಟ್ಟಿದವರಿಗೆ ಇದು ಸಾಧ್ಯವಿಲ್ಲ ಎಂದು ನನಗೆ ಗೊತ್ತು. ಅಂಥ ಕಡೆ ನಾಲ್ಕು ಮನೆ ಸೇರಿ ಒಂದು ವ್ಯವಸ್ಥೆ ಮಾಡಿಕೊಳ್ಳದೆ, ಪಂಚಾಯತಿ ಅದಕ್ಕೆ ಜಾಗ ಕೊಡದೆ ಬೇರೆ ದಾರಿ ನನಗೆ ಕಾಣುತ್ತಿಲ್ಲ.

ಎರಡು ಮಳೆಗಾಲ ನಮ್ಮ ಸೀಸೆ ತಿಳಿಯಾಗಿಯೇ ಇತ್ತು. ಈ ಆಟಿಯಲ್ಲಿ ಮೂರನೆಯ ದಿನ ಮತ್ತೆ ಕಪ್ಪಿಗೆ ತಿರುಗಿತು. ನಮ್ಮ ಬಾವಿಯ ಮೇಲ್ಬದಿಗೆ, ಪಾಗಾರದ ಆಚೆ, ಒಂದು ಮನೆಯಿದೆ. ಅವರ ಗುಂಡಿ ಎಲ್ಲಿದೆ ಎಂದು ಅಪ್ಪಯ್ಯ ನಿನ್ನೆ ಹೋಗಿ ಕೇಳಿಕೊಂಡು ಬಂದರು. ನಲವತ್ತು ವರ್ಷದಿಂದ ತುಂಬಿಲ್ಲವಂತೆ. ನಾಳೆ ಅಪ್ಪಯ್ಯನ ಜೊತೆ ನಾನೂ ಹೋಗುತ್ತೇನೆ, ಅವರ ಬಾವಿಗೂ ಒಂದು ಸೀಸೆ ಹಿಡಿದುಕೊಂಡು.